ಬೆಳಕುಮೀನು ತಡೆದ ಬೆಳಗು

ಮಾರ್ಚ್ 4, ಮಂಗಳವಾರ

ಒಗೋಲ ಇನ್ನೂ ಬಂದಿಲ್ಲ.

ಗಾಳದ ಹಗ್ಗ ಎತ್ತಿಕೊಂಡು ಬರುತ್ತೇನೆಂದು ಮುಂಜಾನೆ ಹೋದ. ಒಬ್ಬನೇ, ತನ್ನ ಚಿಕ್ಕ ದೋಣಿಯಲ್ಲಿ. ಬಿಸಿಲು ಏರುವ ಮೊದಲೇ ದಡ ಸೇರುವ ಮನುಷ್ಯ. ಈಗ ಹೊತ್ತು ಇಳಿಯುತ್ತಿದೆ. ಅವನಿಗೆಂದು ತೆಗೆದಿಟ್ಟ ಗಂಜಿ ಆರಿ ಕೆನೆಗಟ್ಟಿತು. ಕೊನೆಗೆ ಅವಿನೊಗೆ ತಿನ್ನಿಸಿದೆ. ಮಗುವಿಗೆ ಇನ್ನೂ ತೆವಳಲು ಬರುವುದಿಲ್ಲ, ಅಪ್ಪನ ಪಾಲು ಮಾತ್ರ ಚೆನ್ನಾಗಿ ತಿನ್ನುತ್ತದೆ.

ದಡಕ್ಕೆ ಹೋಗಿ ಕೇಳಿದೆ. ಯಾರೂ ನೆಟ್ಟಗೆ ಮುಖ ಕೊಡಲಿಲ್ಲ. ಅಪೊಂಡಿ ಒಬ್ಬಳೇ ಬಾಯಿ ಬಿಟ್ಟಳು. ನಾನೂ ಅವಳೂ ಪಕ್ಕಪಕ್ಕದಲ್ಲಿ ಮೀನು ಒಣಗಿಸುವವರು. ನನ್ನ ಹತ್ತಿರ ಅವಳಿಗೆ ಮುಚ್ಚುಮರೆ ಇಲ್ಲ.

"ಬೋಳುಬಂಡೆ ಹತ್ರ ಬೆಳಕುಮೀನು ಎದ್ದಿವೆಯಂತೆ ಕಣೇ ಅದೋಯೊ. ಅವನ ಗಾಳ ಇರೋದೂ ಅಲ್ಲೇ ಅಲ್ವಾ?"

ದಿಬ್ಬ ಹತ್ತಿ ನೋಡಿದೆ. ನಿಜ. ಸರೋವರದ ನಡುವೆ, ನೀರಿಗಿಂತ ಒಂದಾಳು ಮೇಲೆ, ಹಾಡುಹಗಲಲ್ಲೇ ಕಣ್ಣು ಕುಕ್ಕುವ ಹೊಳಪು ಗಿರಗಿರ ಸುತ್ತುತ್ತಿತ್ತು. ಆ ಹೊಳಪಿನೊಳಗೆ ಬಂಡೆಯೂ ಕಾಣಲಿಲ್ಲ, ದೋಣಿಯೂ ಕಾಣಲಿಲ್ಲ.

ಮನೆಯ ತಗಡು ಬೇರೆ ತೂತುಬಿದ್ದಿದೆ, ಮಳೆ ಬಂದರೆ ಸೋರುತ್ತದೆ. ಬಂದ ಮೇಲೆ ಅವನೇ ಸರಿಮಾಡಲಿ.

ಮಾರ್ಚ್ 7, ಶುಕ್ರವಾರ

ಹುಡುಕಲು ಹೋದವರು ಇವತ್ತು ಬಂದರು. ಹೋಗಿದ್ದು ಬುಧವಾರ. ಒಬುರಾನ ಎಂಜಿನ್ ದೋಣಿಯಲ್ಲಿ ಅವನ ಆಳುಗಳು ಹೋಗಿದ್ದರು. ಒಬುರಾ ನನ್ನ ಬಾವ, ಮಾವನ ಮೊದಲ ಹೆಂಡತಿಯ ಮಗ. ಈ ದಡದ ದೊಡ್ಡ ದೋಣಿಗಳೆಲ್ಲ ಅವನವೇ.

ಬಂದವರು ಹೇಳಿದ್ದು ಕೇಳಿ ಊರೆಲ್ಲ ನಕ್ಕಿತು. ಹೊಳಪಿನ ಅಂಚಿಗೆ ಹೋದರಂತೆ, ಕಣ್ಣು ಕತ್ತಲೆಗಟ್ಟಿತಂತೆ, ಹೆದರಿ ದೋಣಿ ತಿರುಗಿಸಿದರಂತೆ. ಒಂದು ಬೀಡಿ ಸೇದುವಷ್ಟು ಹೊತ್ತೂ ಆಗಿರಲಿಲ್ಲವಂತೆ.

"ಬುಧವಾರದಿಂದ ಶುಕ್ರವಾರದ ತನಕ ಒಂದೇ ಬೀಡಿ ಸೇದಿದ್ರಾ? ಎಂಥಾ ಬೀಡಿ ಅದು, ನಮಗೂ ಒಂದು ಕೊಡ್ರೋ!" ಎಂದಳು ಅಪೊಂಡಿ.

"ಯಾವುದೋ ದ್ವೀಪದಲ್ಲಿ ಸಾರಾಯಿ ಏರಿಸ್ಕೊಂಡು ಬಿದ್ದಿದ್ರು, ಅಷ್ಟೆ," ಎಂದ ಒಬುರಾ.

ಆಳುಗಳು ತಲೆ ತಗ್ಗಿಸಿದರು. ಯಜಮಾನ ಹೇಳಿದ ಮೇಲೆ ಕುಡಿದಿರಲೇಬೇಕು ಎಂದು ಅವರಿಗೂ ಅನ್ನಿಸಿರಬೇಕು. ಆದರೆ ಅವರ ಚಹದ ಫ್ಲಾಸ್ಕನ್ನು ನಾನೇ ತೆಗೆದು ಮುಚ್ಚಳ ಬಿಚ್ಚಿದೆ. ಹಬೆ ಮುಖಕ್ಕೆ ಹೊಡೆಯಿತು.

ಯಾರಿಗೂ ಹೇಳಲಿಲ್ಲ. ಹೇಳುವುದಾದರೂ ಏನು?

ಮಾರ್ಚ್ 20, ಗುರುವಾರ

ಇದನ್ನು ಬರೆದೇ ತೀರಬೇಕು.

ಮೊನ್ನೆ ಮಟಮಟ ಮಧ್ಯಾಹ್ನ ಬಂಡೆಯ ಹೊಳಪಿನಿಂದ ಬಿಡಿಸಿಕೊಂಡು ಕೆಲವು ಬೆಳಕುಮೀನು ದಡಕ್ಕೇ ಬಂದವು. ಹತ್ತಿರದಿಂದ ನೋಡಿದ್ದು ಇದೇ ಮೊದಲು. ಮೈಯೇ ಇಲ್ಲ, ಬರೀ ಹೊಳಪು. ಕಿವಿರು, ಬಾಲ, ರೆಕ್ಕೆ ಎಲ್ಲ ಇವೆ, ಕಣ್ಣು ಮಾತ್ರ ಇಲ್ಲ. ಗಾಳಿಯಲ್ಲಿ ಈಜುತ್ತ ಬಂದು ನಾವು ಮೀನು ಹರವಿದ್ದ ಬಲೆಗಳ ಮೇಲೆ ಸುತ್ತಿದವು. ಹೆಂಗಸರೆಲ್ಲ ಕೂಸುಗಳನ್ನು ಎತ್ತಿಕೊಂಡು ಓಡಿದರು. ಬಹಳ ಹೊತ್ತು ಅವು ನನ್ನ ಬಲೆಯ ಒಂದು ಮೂಲೆಯಲ್ಲೇ ನಿಂತಿದ್ದವು. ಹೋದ ಮೇಲೂ ಅಲ್ಲಿ ಒಂದು ಸಣ್ಣ ಮಿನುಗು ಉಳಿಯಿತು.

ಮಳೆ ಇನ್ನೂ ಹಿಡಿದಿಲ್ಲ, ಬಿಸಿಲು ಸುಡುತ್ತಿದೆ. ಸಂಜೆಗೆ ಒಮೆನಾ ಮೀನೆಲ್ಲ ಗರಿಗರಿಯಾಯಿತು. ಆ ಮೂಲೆಯದು ಮಾತ್ರ ಆಗಷ್ಟೇ ನೀರಿನಿಂದ ತೆಗೆದ ಹಾಗೆ ಹಸಿಹಸಿ. ನಿನ್ನೆ ಇಡೀ ದಿನ ಬಿಸಿಲು ಕಾಯ್ದರೂ ಹಸಿಯೇ. ನೊಣ ಇಲ್ಲ, ನಾತ ಇಲ್ಲ. ಕಣ್ಣು ಗಾಜಿನಂತೆ ತಿಳಿ. ಒಮೆನಾ ಅರ್ಧ ದಿನ ಹಾಗೇ ಬಿದ್ದರೆ ಕೋಳಿಯೂ ಮೂಸುವುದಿಲ್ಲ ಎಂಬುದು ಈ ದಡದ ಕೂಸಿಗೂ ಗೊತ್ತು. ಇವತ್ತು ಮಧ್ಯಾಹ್ನ ಆ ಮಿನುಗು ಆರಿದ ಮೇಲೆ ಆ ಮೂಲೆಯೂ ಒಣಗತೊಡಗಿದೆ, ಈಗಷ್ಟೇ ಹರವಿದ ಮೀನಿನ ಹಾಗೆ.

ಅಪೊಂಡಿಯನ್ನು ಎಳೆದುಕೊಂಡು ಬಂದು ತೋರಿಸಿದೆ.

"ಅವು ಕೊಲ್ಲಲ್ಲ ಕಣೇ. ಹೊತ್ತನ್ನ ತಡೀತವೆ. ಅದರೊಳಗೆ ಇರೋರಿಗೆ ಹೊತ್ತೇ ಹೋಗಲ್ಲ. ಒಗೋಲನಿಗೆ ಇನ್ನೂ ಆ ಮಂಗಳವಾರದ ಬೆಳಿಗ್ಗೇನೇ!"

ಅವಳು ನನ್ನ ಹಣೆ ಮುಟ್ಟಿ ನೋಡಿದಳು. ಆಮೇಲೆ ಮೀನು ಮುಟ್ಟಿ ನೋಡಿದಳು.

"ಅಂದ್ರೆ ನಿನ್ನ ಗಂಡ ಒಣಗದೇ ಇರೋ ಒಮೆನಾ ಅಂತೀಯ?"

ಆ ದಿನದಿಂದ ಇದೇ ಮೊದಲ ಸಲ ನಕ್ಕೆ. ನಗುತ್ತ ನಗುತ್ತ ಅಳು ಬಂತು.

ಏಪ್ರಿಲ್ 2, ಬುಧವಾರ

ಹಿರಿಯರ ಮುಂದೆ ಹೇಳಿದೆ. ಹೇಳಬಾರದಿತ್ತು.

ಹಿರಿಯ ಒತಿಯೆಂಡೆ ಕೆಟ್ಟವರಲ್ಲ. ಪೂರ್ತಿ ಕೇಳಿಸಿಕೊಂಡರು. ಕೊನೆಗೆ, "ಉಗೆನ್ಯಾದ ಮಗಳೇ, ಬೆಳಕುಮೀನು ಅಂದ್ರೆ ಮುಳುಗಿ ಸತ್ತವರ ದೀಪ ಅಂತ ನಮ್ಮಜ್ಜ ಹೇಳ್ತಿದ್ದ. ದೀಪ ಯಾರನ್ನೂ ವಾಪಸು ಕೊಟ್ಟಿಲ್ಲಮ್ಮ," ಎಂದರು. ತವರಿನ ಹೆಸರಲ್ಲಿ ಕರೆದರೆ ಗೌರವ ಎನ್ನುತ್ತಾರೆ. ಈ ಮನೆಯಲ್ಲಿ ನೀನು ಹೊರಗಿನವಳು ಎಂದು ಮೆತ್ತಗೆ ನೆನಪಿಸಿದ ಹಾಗೆಯೇ ನನಗೆ ಕೇಳಿಸುತ್ತದೆ.

ಒಬುರಾ ಎದ್ದು ನಿಂತ. ಮಳೆ ಶುರುವಾಗಿದೆ, ಬಿತ್ತನೆ ನಿಂತಿದೆ. ಮನೆತನದಲ್ಲಿ ಒಂದು ಸಾವು ಹಾಗೇ ಉಳಿದಿರುವಾಗ ಯಾರೂ ಬೀಜ ಹಾಕುವಂತಿಲ್ಲ. ಹೆಣ ಸಿಗದಿದ್ದರೆ ಏನು ಮಾಡಬೇಕೆಂದು ಎಲ್ಲರಿಗೂ ಗೊತ್ತು. ಯಾಗೊ ಮರದ ಕಾಯಿ ಕಿತ್ತು ತರಬೇಕು, ಮೊಳದುದ್ದದ ದಪ್ಪ ಕಾಯಿ. ಅದನ್ನೇ ಹೆಣ ಎಂದುಕೊಂಡು ಹೂಳಬೇಕು. ಅಲ್ಲಿಗೆ ಮನುಷ್ಯ ಸತ್ತ.

"ಅದಾದ ಮೇಲೆ ನಿನ್ನನ್ನ ನಡುನೀರಲ್ಲಿ ಬಿಡಲ್ಲ. ನಾನಿದೀನಲ್ಲ," ಎಂದ.

ಇದ್ದಾನೆ, ನೋಡುತ್ತಲೇ ಇದ್ದೇನೆ. ಒಬ್ಬ ಸತ್ತರೆ ಅವನ ಕೊಡಲಿ ಅಣ್ಣತಮ್ಮಂದಿರಿಗೆ, ಬಲೆ ಅಣ್ಣತಮ್ಮಂದಿರಿಗೆ, ಹೆಂಡತಿಯೂ ಅಣ್ಣತಮ್ಮಂದಿರಿಗೆ. ಇದಕ್ಕೆ ತೇರೊ ಎಂದು ಚೆಂದದ ಹೆಸರು. ಒಬುರಾನಿಗೆ ಬೇಕಾದದ್ದು ನಾನಲ್ಲ. ಅವನ ಮನೆಯಲ್ಲಿ ಇಬ್ಬರು ಹೆಂಡಂದಿರಿದ್ದಾರೆ, ಅವರ ಅಂಗೈ ನೋಡಿದ್ದೇನೆ, ಉಪ್ಪಿಗೆ ಬಿರಿದು ಸೀಳಿವೆ. ಅವನ ದೋಣಿಗಳ ಮೀನು ಒಣಗಿಸಲು ಕೂಲಿ ಕೇಳದ ಇನ್ನೆರಡು ಕೈ ಬೇಕು. ಕೂಲಿಯವಳಾದರೆ ಸಂಜೆಗೆ ಮನೆಗೆ ಹೋಗುತ್ತಾಳೆ. ಹೆಂಡತಿ ಹೋಗುವುದಿಲ್ಲ.

ಒಗೋಲ ಬೇಗ ಬರಲಿ. ಬಂದು ಇವನ ಕಪಾಳಕ್ಕೆ ಬಾರಿಸಲಿ.

ಏಪ್ರಿಲ್ 13, ಭಾನುವಾರ

ಮಳೆ. ಮೀನು ಒಣಗುತ್ತಿಲ್ಲ. ಕಣ್ಣೂ.

ಏಪ್ರಿಲ್ 27, ಭಾನುವಾರ

ಶನಿವಾರಕ್ಕೆ ಗೊತ್ತುಮಾಡಿದ್ದಾರೆ. ಕಾಯಿಯನ್ನು ಒಬುರಾನೇ ಆರಿಸಿಟ್ಟಿದ್ದಾನಂತೆ. ಒಗೋಲನಷ್ಟೇ ಅಗಲ ಭುಜದ ಕಾಯಿ ಎಂದು ದಡದಲ್ಲೆಲ್ಲ ಹೇಳಿಕೊಂಡು ತಿರುಗಿದ. ನಾಚಿಕೆ ಇಲ್ಲದವನು.

ಅತ್ತೆಯ ಗುಡಿಸಲಿಗೆ ಹೋದೆ. ಅವರಾದರೂ ತಡೆಯುತ್ತಾರೆ ಎಂದುಕೊಂಡಿದ್ದೆ.

"ಅತ್ತೆ, ನಿಮ್ಮ ಮಗ ಬದುಕಿದಾನೆ. ಬೇಡ ಅನ್ನಿ. ನೀವು ಅಂದ್ರೆ ನಿಲ್ಲುತ್ತೆ."

ಅವರು ಕಾಳು ಆರಿಸುತ್ತಿದ್ದ ಕೈ ನಿಲ್ಲಿಸಲಿಲ್ಲ. "ಬದುಕಿದ್ರೆ ಬರಲಿ, ಬೇಡ ಅಂತೀನಾ? ಆದ್ರೆ ನನಗೆ ಕೂತು ಅಳೋಕೆ ಒಂದು ಜಾಗ ಬೇಕು ಕಣೇ. ನೀರಿನ ಮುಂದೆ ಅತ್ತೂ ಅತ್ತೂ ಸಾಕಾಯ್ತು. ನೀರಿಗೇನು, ಅದು ಹರಿದಾಡ್ಕೊಂಡು ಹೋಗುತ್ತೆ. ಮಣ್ಣಾದ್ರೆ ಇದ್ದಲ್ಲೇ ಇರುತ್ತೆ."

ಸಿಟ್ಟು ಬಂತು. ಆದರೆ ಆ ಮುಖದ ಮೇಲೆ ಸಿಟ್ಟು ಮಾಡುವುದು ಹೇಗೆ? ಸುಮ್ಮನೆ ಕೂತು ಅವರ ಜೊತೆ ಕಾಳು ಆರಿಸಿದೆ.

ಆಮೇಲೆ ಮೀನು ಒಣಗಿಸುವ ನಮ್ಮ ಸಂಘದ ಹೆಂಗಸರು ಅಪೊಂಡಿಯ ಅಂಗಳದಲ್ಲಿ ಸೇರಿದರು. ಹೆಂಗಸರು ಗೋಳಿಟ್ಟು ಕೂಗದೆ ಈ ನಾಡಿನಲ್ಲಿ ಹೆಣ ಏಳುವುದಿಲ್ಲ. ಮೊದಲ ಕೂಗು ಹೆಂಡತಿಯದು. ನಾನೆಂದೆ: "ನಾನು ಕೂಗಲ್ಲ. ನನ್ನ ಬಾಯಿಂದ ಅವನು ಸಾಯಲ್ಲ."

ಎಲ್ಲರ ಮನೆಯಲ್ಲೂ ಗಂಡಸರಿದ್ದಾರೆ, ಎಲ್ಲರಿಗೂ ಒಬುರಾನ ದೋಣಿಯ ಮೀನೇ ಬೇಕು. ಕೊನೆಗೆ ಅಪೊಂಡಿ ಗಂಟಲು ಸರಿಮಾಡಿಕೊಂಡಳು. "ನನಗೂ ಯಾಕೋ ಗಂಟಲು ಕಟ್ಟಿದೆ. ಶನಿವಾರದ ತನಕ ಬಿಡೋ ಹಾಗಿಲ್ಲ."

ನೋಡನೋಡುತ್ತ ಅಂಗಳದಲ್ಲಿದ್ದವರಿಗೆಲ್ಲ ಗಂಟಲು ಕಟ್ಟಿತು.

ಮೇ 3, ಶನಿವಾರ

ಹೂತರು.

ಒಗೋಲನ ಕಂಬಳಿಯಲ್ಲಿ ಕಾಯಿ ಸುತ್ತಿ, ನನ್ನ ಮನೆಯ ಬಲಗಡೆ ಗುಂಡಿ ತೋಡಿದರು. ಗಂಡಸರು ಕಾದರು. ಹೆಂಗಸರು ಸಾಲಾಗಿ ಕೂತು ನೆಲ ನೋಡುತ್ತಿದ್ದರು. ಒತಿಯೆಂಡೆ ಕೆಮ್ಮಿದರು. ಮತ್ತೆ ಕೆಮ್ಮಿದರು. ಹಕ್ಕಿಯ ಕೂಗು ಬಿಟ್ಟರೆ ಒಂದು ಸದ್ದಿಲ್ಲ.

"ಏನು, ಎಲ್ಲರೂ ಮೂಗಿಯರಾದ್ರಾ?" ಎಂದು ಅಬ್ಬರಿಸಿದ ಒಬುರಾ.

"ಗಂಟಲು, ಬಾವ," ಎಂದಳು ಅಪೊಂಡಿ, ಪಿಸುಮಾತಿನಲ್ಲಿ.

ಆಗ ಒಬುರಾ ಏನು ಮಾಡಿದ ಗೊತ್ತೇ? ತಲೆಯ ಮೇಲೆ ಎರಡೂ ಕೈ ಹೊತ್ತು, ಹೆಂಗಸಿನ ದನಿ ತೆಗೆದು, "ಅಯ್ಯೋ ಒಗೋಲಾ, ನನ್ನನ್ನ ಯಾರಿಗೆ ಬಿಟ್ಟು ಹೋದೆ!" ಎಂದು ತಾನೇ ಗೋಳಿಟ್ಟ. ಆ ದನಿ ಕೇಳಿ ನನ್ನ ಬೆನ್ನ ಮೇಲಿದ್ದ ಅವಿನೊ ಕಿಲಕಿಲ ನಕ್ಕಳು. ಅದಕ್ಕೆ ಇಡೀ ಸಾಲು ಸೆರಗು ಬಾಯಿಗೆ ತುರುಕಿಕೊಂಡಿತು. ಅತ್ತೆ ಮಾತ್ರ ನಿಜವಾಗಿ ಅತ್ತರು, ಸದ್ದಿಲ್ಲದೆ.

ಕೂಗು ಎದ್ದಿತೆಂದು ಒತಿಯೆಂಡೆ ಒಪ್ಪಿಕೊಂಡರು. ಮಣ್ಣು ಮುಚ್ಚಿದರು.

ನಮ್ಮ ಮುಷ್ಕರ ಗೆದ್ದಿತೋ ಸೋತಿತೋ ತಿಳಿಯುತ್ತಿಲ್ಲ. ಗೋರಿಯಂತೂ ಆಯಿತು.

ಮೇ 22, ಗುರುವಾರ

ನಾನೀಗ ವಿಧವೆಯಂತೆ. ಇನ್ನೊಬ್ಬರ ಅಂಗಳ ತುಳಿಯಬಾರದು. ದಡಕ್ಕೆ ಹೋಗಬಾರದು. ನಾನು ಮುಟ್ಟಿದ ಬಲೆಗೆ ಮೀನು ಬೀಳುವುದಿಲ್ಲ. ಒಗೋಲನ ಕೋಟನ್ನು ಒಳಮೈ ಹೊರಗೆ ಮಾಡಿ ತೊಟ್ಟುಕೊಳ್ಳಬೇಕು. ಒಬುರಾ ಕೋಟು ತಂದುಕೊಟ್ಟ. ನೆಟ್ಟಗೆ ಮಡಿಸಿ ಪೆಟ್ಟಿಗೆಯಲ್ಲಿಟ್ಟೆ.

ಗೋರಿಯಾದ ಮೇಲೆ ಊರವರೆಲ್ಲ ಬಿತ್ತಿದರು. ನಾನೂ ಬಿತ್ತಿದೆ. ಬೀಜ ಯಾರನ್ನೂ ಜಾತಕ ಕೇಳಲಿಲ್ಲ, ಮೊಳೆಯಿತು.

ಮೀನು ಸಿಗುತ್ತಿಲ್ಲ. ಒಬುರಾನ ದೋಣಿಗಳು ನನಗೆ ಮಾತ್ರವಲ್ಲ, ಅವತ್ತು ಗಂಟಲು ಕಟ್ಟಿದವರಿಗೆಲ್ಲ ಬುಟ್ಟಿ ತುಂಬುತ್ತಿಲ್ಲ. ಅವನ ಆಳೊಬ್ಬ ಅಪೊಂಡಿಯ ಎದುರೇ ಹಲ್ಲು ಕಿರಿದು, "ಮೀನು ಬೇಕಾ? ಮೊದ್ಲು ಆ ಕಡೆ ಗುಡಿಸಲಿಗೆ ಬಾ," ಎಂದನಂತೆ. ಇದು ಹೊಸದಲ್ಲ. ಈ ಸರೋವರದ ಸುತ್ತ ಎಷ್ಟು ದಡಗಳಿವೆಯೋ ಅಷ್ಟೂ ಕಡೆ ಹೆಂಗಸರು ಮೀನಿಗೆ ಮೈ ತೆತ್ತಿದ್ದಾರೆ, ಆಮೇಲೆ ರೋಗಕ್ಕೆ ಜೀವ ತೆತ್ತಿದ್ದಾರೆ. ದೋಣಿಯಿರುವ ಗಂಡ ಇದ್ದದ್ದಕ್ಕೆ ನಾನು ಇಷ್ಟು ದಿನ ಪಾರಾಗಿದ್ದೆ. ಅಷ್ಟೇ ವ್ಯತ್ಯಾಸ. ಅದನ್ನೇ ನಾನು ಮರ್ಯಾದೆ ಎಂದುಕೊಂಡಿದ್ದೆ.

ಅಪೊಂಡಿ ಬುಟ್ಟಿಯನ್ನು ಅವನ ತಲೆಗೆ ಕವುಚಿ ಬಂದಿದ್ದಾಳೆ. ಅವಳ ಅಪ್ಪನ ಹಳೇ ದೋಣಿ ಹಿತ್ತಲಲ್ಲಿ ಕವುಚಿ ಬಿದ್ದಿದೆ. ತಳದಲ್ಲಿ ತೂತು, ಒಳಗೆ ಕೋಳಿ ಮೊಟ್ಟೆ ಇಡುತ್ತದೆ.

"ಕೋಳಿಗೆ ಬೇರೆ ಮನೆ ನೋಡೋಣ," ಎಂದೆ.

ಜೂನ್ 9, ಸೋಮವಾರ

ಬಿರುಕುಗಳಿಗೆ ಹತ್ತಿ ತುರುಕಿ ಡಾಂಬರು ಬಳಿದೆವು. ಹೆಂಗಸು ದೋಣಿ ಹತ್ತಿದರೆ ಸರೋವರ ಮುನಿಯುತ್ತದಂತೆ, ಅದರಲ್ಲೂ ವಿಧವೆ. ನಾನು, ಅಪೊಂಡಿ, ಸಂಘದ ಇನ್ನಿಬ್ಬರು, ಹೀಗೆ ನಾಲ್ವರು ಹತ್ತಿದೆವು. ಸರೋವರ ಮುನಿಯಲಿಲ್ಲ, ದೋಣಿಯೇ ಗಿರ್ರನೆ ಸುತ್ತಿತು. ದಡದ ಗಂಡಸರು ಹೊಟ್ಟೆ ಹಿಡಿದುಕೊಂಡು ನಕ್ಕರು.

"ಉಗೆನ್ಯಾದವಳೇ, ಮಡಕೇಲಿ ಕೋಲು ತಿರುವಿದ ಹಾಗೆ ಹುಟ್ಟು ತಿರುವ್ತೀಯಲ್ಲ!"

"ಮಡಕೇಲಿ ತಿರುವಿದ್ದನ್ನೇ ತಾನೇ ಇಷ್ಟು ವರ್ಷ ತಿಂದಿದ್ದು ನೀವು?" ಎಂದು ಕೂಗಿದೆ.

ಅಂಗೈಯಲ್ಲಿ ಬೊಬ್ಬೆ. ಇಷ್ಟೇ ಬರೆಯಲು ಆಗುತ್ತಿದೆ.

ಜುಲೈ 1, ಮಂಗಳವಾರ

ಇವತ್ತು ಬಲೆ ಭಾರವಾಗಿತ್ತು! ನಾಲ್ಕು ಮನೆಗಳಲ್ಲೂ ಹಸಿಮೀನಿನ ಸಾರು. ಅತ್ತೆ ಎರಡನೇ ಸಲ ಹಾಕಿಸಿಕೊಂಡರು, "ವಿಧವೆ ಹಿಡಿದ ಮೀನಿಗೆ ರುಚಿ ಇರಲ್ಲ ಅಂತಾರೆ," ಎನ್ನುತ್ತಲೇ ತಲೆಯನ್ನೂ ಚೀಪಿದರು.

ಅವಿನೊ ಗೋಡೆ ಹಿಡಿದು ನಿಂತಳು.

ಜುಲೈ 17, ಗುರುವಾರ

ತಗಡು ಬಿಚ್ಚಿ ಬೇರೆ ಹೊಡೆದೆ. ಸೋರುವುದು ನಿಂತಿತು. ನಾಳೆ ಗಾಳಿ ಹೇಗಿದೆ ನೋಡಿಕೊಂಡು ದೂರ ಹೋಗಬೇಕು, ಈ ಕಡೆ ಮೀನು ಕಡಿಮೆಯಾಗಿದೆ. ಒಬುರಾನ ದೋಣಿಯಿಂದ ಕೊಳ್ಳುತ್ತಿದ್ದ ಇಬ್ಬರು ನಮ್ಮ ಜೊತೆ ಸೇರಿಕೊಂಡರು.

ಆಗಸ್ಟ್ 10, ಭಾನುವಾರ

ಒಬುರಾ ಹಿರಿಯರನ್ನು ಕರೆದುಕೊಂಡೇ ಬಂದ. ನನ್ನ ಅಂಗಳದಲ್ಲಿ ನನ್ನದೇ ಮುಕ್ಕಾಲಿಯ ಮೇಲೆ ಕೂತ.

"ಶೋಕದ ಕಾಲ ಮುಗೀತಾ ಬಂತು. ಮನೆಗೆ ಗಂಡಸಿಲ್ಲ. ವಿಧವೆ ದೋಣಿ ಹತ್ತಿ ಮನೆತನದ ಮಾನ ನೀರಿಗೆ ಹಾಕ್ತಿದಾಳೆ. ಇವತ್ತೇ ತೀರ್ಮಾನ ಆಗಲಿ, ನಾನು ಕೈ ಹಿಡೀತೀನಿ."

"ನನ್ನ ಕೈ ತುಂಬ ಡಾಂಬರು, ಬಾವ. ಅಂಟ್ಕೊಂಡ್ರೆ ಬಿಡಲ್ಲ."

ಒತಿಯೆಂಡೆ ನಗು ನುಂಗಿಕೊಂಡು ಹೇಳಿದರು: "ಒಬುರಾ, ಕೂತ್ಕೋ. ಕಟ್ಟಳೆ ನೆಟ್ಟಗಿದೆ. ವಿಧವೆಗೆ ಬೇಕಾದವನನ್ನ ಅವಳೇ ಆರಿಸ್ಕೋಬೇಕು, ಈ ಮನೆತನದ ಅಣ್ಣತಮ್ಮಂದಿರಲ್ಲಿ ಒಬ್ಬನನ್ನ. ಬಂದವನು ಅವಳ ಮನೆಗೆ ಬರೋ ಅತಿಥಿ. ಬೇಡ ಅಂದ್ರೆ ಎದ್ದು ಹೋಗಬೇಕು. ಆದ್ರೆ ನೀನೂ ಕೇಳು ಉಗೆನ್ಯಾದ ಮಗಳೇ, ಜೋಳದ ಕೊಯ್ಲು ಮುಗಿಯೋದರೊಳಗೆ ಹೆಸರು ಹೇಳ್ಬೇಕು. ಇಲ್ಲದಿದ್ರೆ ನಾವೇ ಹೇಳ್ತೀವಿ. ಆಮೇಲೆ ಇಲ್ಲ ಅನ್ನೋ ಹಾಗಿಲ್ಲ, ಅಂದ್ರೆ ಈ ಮನೇಲಿ ಇರೋ ಹಾಗಿಲ್ಲ."

ಒಗೋಲನಿಗೆ ಒಬುರಾ ಬಿಟ್ಟರೆ ಅಣ್ಣತಮ್ಮಂದಿರೇ ಇಲ್ಲ. ಒಬ್ಬನೇ ಇರುವಾಗ ಆರಿಸುವುದು ಎಂದರೇನು! ಕಟ್ಟಳೆ ಎಷ್ಟು ಚೆನ್ನಾಗಿ ಹೆಣೆದಿದ್ದಾರೆ. ಬಾಗಿಲೂ ಇದೆ, ಅದರ ಹಿಂದೆ ಗೋಡೆಯೂ ಇದೆ.

ಮನೆ ಬಿಡುವುದಾದರೆ ಬಿಡುತ್ತೇನೆ. ದೋಣಿ ಎಲ್ಲಿ ನಿಲ್ಲಿಸುವುದೆಂದು ಅಪೊಂಡಿಯ ಜೊತೆ ಮಾತಾಡಿದೆ. ಆಚೆ ದಡದಲ್ಲಿ ಅವಳ ದೊಡ್ಡಮ್ಮನ ಮನೆಯಿದೆ. ಅತ್ತೆಯನ್ನು ಬಿಟ್ಟುಹೋಗಬೇಕಲ್ಲ ಎಂಬುದೊಂದೇ ಸಂಕಟ.

ಆಗಸ್ಟ್ 29, ಶುಕ್ರವಾರ

ಜೋಳದ ತೆನೆ ಒಣಗಿದೆ. ಕೊಯ್ಯುತ್ತಿದ್ದಾರೆ. ನಾನು ನನ್ನ ತುಂಡು ಹೊಲವನ್ನು ನಿಧಾನವಾಗಿ ಕೊಯ್ಯುತ್ತಿದ್ದೇನೆ.

ಸೆಪ್ಟೆಂಬರ್ 2, ಮಂಗಳವಾರ

ಎಲ್ಲಿಂದ ಶುರುಮಾಡಲಿ?

ಬೆಳಿಗ್ಗೆ ಬೋಳುಬಂಡೆಯ ಕಡೆ ಬಲೆ ಬಿಡಲು ಹೋಗಿದ್ದೆವು. ಬೆಳಕುಮೀನು ಸುತ್ತುತ್ತಲೇ ಇದ್ದವು. ಅವು ಅಲ್ಲೇ ಇರುವುದು ನಮಗೆ ಅಭ್ಯಾಸವಾಗಿಬಿಟ್ಟಿದೆ, ದೂರದಿಂದ ಬಳಸಿಕೊಂಡು ಹೋಗುತ್ತೇವೆ. ನಾನು ಬಲೆಯ ಸಿಕ್ಕು ಬಿಡಿಸುತ್ತಿದ್ದೆ. ಅಪೊಂಡಿ "ಏ, ಏ," ಎಂದಳು. ತಲೆ ಎತ್ತಿದೆ. ಹೊಳಪು ಗುಬ್ಬಿಗಳ ಹಿಂಡು ಎದ್ದ ಹಾಗೆ ಒಟ್ಟಿಗೇ ಎದ್ದಿತು. ಒಂದು ಸಲ ನಮ್ಮ ತಲೆಯ ಮೇಲೆ ವಾಲಿತು, ತೆಂಕಣ ದಿಕ್ಕಿಗೆ ಈಜಿ ಹೋಯಿತು. ಬಂಡೆ ಬತ್ತಲೆಯಾಗಿ ನಿಂತಿತು.

ಅದರ ಪಕ್ಕ ಒಂದು ಚಿಕ್ಕ ದೋಣಿ. ಅದರಲ್ಲಿ ಒಗೋಲ ಬಗ್ಗಿ ನಿಂತು ಗಾಳದ ಹಗ್ಗ ಎಳೆಯುತ್ತಿದ್ದ.

ಅವನೇ ನಮ್ಮನ್ನು ನೋಡಿದ. ಕಣ್ಣು ಕೆಂಪಗೆ ಮಾಡಿದ.

"ಅದೋಯೊ! ನಿನಗೇನು ಹುಚ್ಚು ಹಿಡೀತಾ? ದೋಣಿ ಯಾಕೆ ಹತ್ತಿದೆ? ಮಗೂನ ಯಾರ ಹತ್ರ ಬಿಟ್ಟೆ? ಬಂದಿದ್ದು ಬಂದೆ, ಗಂಜಿನಾದ್ರೂ ತಂದ್ಯಾ?"

ಬೈಯಲು ಶುರುಮಾಡಿದೆ. ನನಗೆ ಗೊತ್ತಿದ್ದ ಬೈಗುಳವೆಲ್ಲ ಬೈದೆ, ಗೊತ್ತಿಲ್ಲದ್ದನ್ನೂ ಬೈದೆ. ಬೈಯುತ್ತಲೇ ಹುಟ್ಟು ಹಾಕಿದೆ, ಅವನ ದೋಣಿಗೆ ನಮ್ಮ ದೋಣಿ ಗುದ್ದಿಸಿದೆ, ಅವನ ಅಂಗಿ ಹಿಡಿದು ಜಗ್ಗಿದೆ. ಬೆಚ್ಚಗಿದ್ದ. ಬೆವರಿನ ವಾಸನೆ ಬಂತು. ಅವನ ಕಾಲ ಬಳಿ ಆಗಷ್ಟೇ ಹಿಡಿದ ಮೀನು ಬಾಯಿ ಬಿಟ್ಟು ಬಡಿದಾಡುತ್ತಿತ್ತು.

"ಇವತ್ತು ಯಾವ ವಾರ?" ಎಂದು ಅಪೊಂಡಿ ಕೇಳಿದಳು.

"ಮಂಗಳವಾರ. ಯಾಕೆ?"

"ಸರಿಯಾಗೇ ಹೇಳ್ದ ನೋಡು," ಎಂದು ಅಪೊಂಡಿ ದೋಣಿಯ ತಳದಲ್ಲಿ ಕುಸಿದು ಕೂತು ನಕ್ಕಳು. ನಾವೆಲ್ಲ ನಕ್ಕೆವು. ಅವನಿಗೆ ಇನ್ನೂ ಕೋಪ. ದಾರಿಯುದ್ದಕ್ಕೂ, "ಎಲ್ಲರೂ ಸೇರಿ ಕುಡಿದಿದೀರಾ?" ಎಂದು ಕೇಳುತ್ತಲೇ ಇದ್ದ.

ಎದೆಯ ಮೇಲಿನ ಬಂಡೆ ಇಳಿಯಿತು. ಇನ್ನೇನೂ ಬರೆಯಲಾರೆ.

ಸೆಪ್ಟೆಂಬರ್ 3, ಬುಧವಾರ

ಇಳಿದ ಬಂಡೆ ನಿನ್ನೆ ಸಂಜೆಯೇ ಮನೆಯ ಗೇಟಿನ ಹತ್ತಿರ ಮತ್ತೆ ಎದುರಾಯಿತು.

ಒಗೋಲ ಒಳಗೆ ಕಾಲಿಡಲು ಹೋದಾಗ ಒಬುರಾ ಅಡ್ಡ ನಿಂತ. "ಗೋರಿ ಇರೋ ಮನುಷ್ಯ ತನ್ನ ಮನೆ ಗೇಟು ದಾಟಿದ್ರೆ ಮನೆತನ ನಿರ್ನಾಮ. ಇದು ದೆವ್ವ!"

ಒಗೋಲ ಬೇಲಿಯಾಚೆ ನಿಂತು ತನ್ನ ಗೋರಿ ನೋಡಿದ. ಅಲ್ಲಿಯವರೆಗೆ ನಾವು ಹೇಳಿದ್ದನ್ನೆಲ್ಲ ತಮಾಷೆ ಎಂದುಕೊಂಡಿದ್ದವನು ಬೆಳ್ಳಗಾದ. ಅಷ್ಟರಲ್ಲಿ ಅವಿನೊ ದಡಬಡ ನಡೆದುಕೊಂಡು ಬಂದು ಬೇಲಿ ಹಿಡಿದು ನಿಂತಳು.

"ಇದು ಯಾರ ಮಗು?" ಎಂದು ಕೇಳಿದ. ನಾನು ಅವಳನ್ನು ಎತ್ತಿ ಹಿಡಿದೆ. ಅವನೇ ಅವಳ ಕಿವಿ, ಹುಬ್ಬು ನೋಡುತ್ತ ನೋಡುತ್ತ ಅಲ್ಲೇ ಧೂಳಿನಲ್ಲಿ ಕೂತುಬಿಟ್ಟ.

ರಾತ್ರಿ ಅವನನ್ನು ಅಪೊಂಡಿಯ ಹಿತ್ತಲಿನಲ್ಲಿ ಮಲಗಿಸಿದೆವು, ದೋಣಿ ಕವುಚಿ ಬಿದ್ದಿದ್ದ ಜಾಗದಲ್ಲಿ. ಕೋಳಿಗಳ ಜೊತೆ.

ಸೆಪ್ಟೆಂಬರ್ 5, ಶುಕ್ರವಾರ

ಪಂಚಾಯಿತಿ. ಗೇಟಿನ ಹೊರಗೆ ಒಗೋಲ, ಒಳಗೆ ನಾನು, ನಡುವೆ ಹಿರಿಯರು.

ಕಾಯಿ ಅಗೆದು ತೆಗೆಯಿರಿ ಎಂದೆ. ಒತಿಯೆಂಡೆ ತಲೆ ಅಲ್ಲಾಡಿಸಿದರು. ಮುಚ್ಚಿದ ಗೋರಿ ತೆರೆಯುವಂತಿಲ್ಲ. ಒಗೋಲ ಸತ್ತಿದ್ದಾನೆ, ಅದರಲ್ಲಿ ಎರಡು ಮಾತಿಲ್ಲ.

"ಕೂಗಿದ್ದು ಯಾರು?" ಎಂದು ಅವರೇ ಕೇಳಿದರು.

ಹೆಂಗಸರೆಲ್ಲ ಒಬುರಾನ ಕಡೆ ಬೆರಳು ತೋರಿಸಿದರು.

"ಹಾಗಾದ್ರೆ ಸತ್ತಿದ್ದು ಖರೆ. ನೀನೇ ಕೂಗಿದೀಯ. ಈಗ ಇವನು ಯಾರು ಅನ್ನೋದು ಪ್ರಶ್ನೆ."

"ದೆವ್ವ!" ಎಂದ ಒಬುರಾ.

"ಸುಮ್ನಿರೋ! ನಿನ್ನೆ ಇದೇ ದೆವ್ವ ನಮ್ಮನೇಲಿ ಎರಡು ಮುದ್ದೆ ತಿಂದಿದೆ," ಎಂದಳು ಅಪೊಂಡಿ.

ಆಗ ಅತ್ತೆ ಎದ್ದರು. ಗಂಡಸರ ಪಂಚಾಯಿತಿಯಲ್ಲಿ ಅವರು ಬಾಯಿ ಬಿಟ್ಟದ್ದನ್ನು ನಾನು ಕಂಡೇ ಇಲ್ಲ. ಕೋಲೂರಿಕೊಂಡು ಗೇಟಿನ ತನಕ ಹೋದರು, ಮಗನ ಗಲ್ಲ ಹಿಡಿದು ಆ ಕಡೆ ಈ ಕಡೆ ತಿರುಗಿಸಿ ನೋಡಿದರು.

"ಹಿರಿಯರೇ, ಇವನು ನನ್ನ ಹೊಟ್ಟೇಲಿ ಹುಟ್ಟಿದವನು. ಅಷ್ಟು ನನಗೆ ಗೊತ್ತು. ನನ್ನ ಮಗ ಒಗೋಲ ಆ ಗುಂಡೀಲಿದಾನೆ ಅಂತ ನೀವು ಹೇಳ್ತೀರಿ, ನಾನು ಒಪ್ಕೊಂಡು ಅತ್ತೂ ಆಯ್ತು. ಹಾಗಾದ್ರೆ ಇವನು ಒಗೋಲನ ತಮ್ಮ."

"ತಮ್ಮನಾ! ಇವನು ಯಾವಾಗ ಹುಟ್ಟಿದ?" ಎಂದು ಒಬುರಾ ಚೀರಿದ. ಅದೇ ಹೆಂಗಸಿನ ದನಿ ಬಂತು.

"ಮೊನ್ನೆ ಮಂಗಳವಾರ. ಇಡೀ ದಡವೇ ನೋಡಿದೆ. ದೊಡ್ಡವನಾಗೇ ಹುಟ್ಟಿದ, ನನಗೇನೂ ನೋವಾಗ್ಲಿಲ್ಲ."

ಒತಿಯೆಂಡೆ ಬಹಳ ಹೊತ್ತು ಗಡ್ಡ ಕೆರೆದುಕೊಂಡರು. ಅವರ ಹೊಟ್ಟೆ ಕುಲುಕುತ್ತಿತ್ತು. ಕೊನೆಗೆ ನನ್ನ ಕಡೆ ತಿರುಗಿದರು.

"ಉಗೆನ್ಯಾದ ಮಗಳೇ, ಸತ್ತವನಿಗೆ ಈಗ ಇಬ್ಬರು ಅಣ್ಣತಮ್ಮಂದಿರು. ಕೊಯ್ಲು ಇನ್ನೂ ಮುಗಿದಿಲ್ಲ. ಯಾರು ಬೇಕು ಹೇಳು."

ಇಡೀ ಪಂಚಾಯಿತಿ ನನ್ನ ಬಾಯಿ ನೋಡುತ್ತಿತ್ತು. ಬೇಲಿಯಾಚೆಯಿಂದ ಒಗೋಲ, ಇನ್ನೇನು ಕೇಳುವುದಿದೆ ಎಂಬಂತೆ ಗೇಟಿಗೆ ಕೈ ಹಾಕಿದ್ದ. ಅದನ್ನು ನೋಡಿ ನನಗೆ ಏನಾಯಿತೋ.

"ನಾಳೆ ಹೇಳ್ತೀನಿ," ಎಂದೆ.

ಅವನ ಮುಖ ನೋಡಬೇಕಿತ್ತು.

ಸೆಪ್ಟೆಂಬರ್ 6, ಶನಿವಾರ

ಬೆಳಿಗ್ಗೆ ಬೇಲಿಯ ಹತ್ತಿರ ಹೋದೆ. ಅವನು ಆಗಲೇ ಬಂದು ನಿಂತಿದ್ದ. ತಲೆಗೂದಲಲ್ಲಿ ಕೋಳಿಪುಕ್ಕ.

"ಯಾಕೆ ಹೀಗೆ ಮಾಡ್ತಿದೀಯ?" ಎಂದ. ಕೋಪ ಇರಲಿಲ್ಲ. "ಮೊನ್ನೆ ಬೆಳಿಗ್ಗೆ ಎದ್ದಾಗ ನೀನು ನನ್ನ ಹೆಂಡತಿ."

"ನಿನಗೆ ಅದು ಮೊನ್ನೆ ಬೆಳಿಗ್ಗೆ. ನನಗೆ ಒಂದು ಮಳೆಗಾಲ ಹೋಗಿದೆ, ಒಂದು ಬೆಳೆ ಕೊಯ್ಲಿಗೆ ಬಂದಿದೆ. ಕೇಳು. ಬರೋದಾದ್ರೆ ಅತಿಥಿಯಾಗಿ ಬಾ. ಮನೆ ನಂದು. ದೋಣಿ ಆರು ಜನರದ್ದು, ನಾನು ಅದನ್ನ ಬಿಡಲ್ಲ. ಕೈ ಎತ್ತಿದ್ರೆ, ದನಿ ಎತ್ತಿದ್ರೆ, ಅದೇ ಗೇಟಿಂದ ಹೊರಗೆ. ಕಟ್ಟಳೆ ನನ್ನ ಕಡೆಗಿದೆ ಈಗ. ನಿಮ್ಮಣ್ಣನೇ ಕೂಗಿ ಮಾಡಿಸಿಕೊಟ್ಟಿದ್ದು."

ಅವನು ನನ್ನ ಅಂಗೈ ಹಿಡಿದು ನೋಡಿದ. ಬೊಬ್ಬೆ ಒಡೆದು ಗಟ್ಟಿಯಾದ ಜಾಗವನ್ನು ಹೆಬ್ಬೆರಳಿಂದ ಒತ್ತಿದ.

"ಹುಟ್ಟು ತೀರಾ ಕೆಳಗೆ ಹಿಡೀತೀಯ. ಅದಕ್ಕೇ ಇಲ್ಲಿ ಗಟ್ಟಿಯಾಗಿದೆ. ತೋರಿಸಿಕೊಡ್ಲಾ?"

ಅದಷ್ಟೇ ಅವನು ಹೇಳಿದ್ದು. ಹಿರಿಯರಿಗೆ ಹೋಗಿ ಹೆಸರು ಹೇಳಿ ಬಂದೆ. ಒಬುರಾ, ನಾನು ತನ್ನನ್ನೇ ಆರಿಸುತ್ತೇನೆಂದು ನಂಬಿ ತಂದು ಅಂಗಳದಲ್ಲಿ ಕಟ್ಟಿದ್ದ ಹುಂಜವನ್ನು ವಾಪಸು ತೆಗೆದುಕೊಂಡು ಹೋದ. ಹೆಂಗಸರು ಇವತ್ತು ಕೂಗಿದರು, ಸಂತೋಷದ ಕೂಗು, ಒಬ್ಬರಿಗೂ ಗಂಟಲು ಕಟ್ಟಿರಲಿಲ್ಲ.

ಮಧ್ಯಾಹ್ನ ಬಾಗಿಲ ಬಳಿ ಬಂದು, ಹೊಸಬರ ಹಾಗೆ ಕೆಮ್ಮಿದ. "ಒಳಗೆ ಬರಬಹುದಾ?"

"ಕಾಲು ತೊಳ್ಕೊಂಡು ಬಾ."

ಉಂಡ. ಅವಿನೊ ಅವನ ತಟ್ಟೆಯಿಂದ ಕಿತ್ತು ತಿಂದಳು. ಮೇಲೆ ನೋಡಿ, "ತಗಡು ಯಾರು ಹೊಡೆದಿದ್ದು?" ಎಂದು ಕೇಳಿದ. ನಾನು ಎಂದರೆ ನಂಬಲಿಲ್ಲ. ಆಮೇಲೆ ನಂಬಿದ. ನಾಳೆಯಿಂದ ನಮ್ಮ ದೋಣಿಯ ಹಿಂದೆಯೇ ತನ್ನ ದೋಣಿಯೂ ಬರಲೇ ಎಂದು ಕೇಳಿದ. ಉಳಿದವರನ್ನು ಕೇಳಿ ಹೇಳುತ್ತೇನೆ ಎಂದೆ.

ಈಗ ಚಾಪೆಯ ಮೇಲೆ ಅಂಗಾತ ಬಿದ್ದು ಗೊರಕೆ ಹೊಡೆಯುತ್ತಿದ್ದಾನೆ, ಗೋಡೆ ಅದುರುವ ಹಾಗೆ. ಇವನಿಲ್ಲದ ದಿನಗಳಲ್ಲಿ ನನಗೆ ನಿದ್ದೆ ಎಷ್ಟು ಚೆನ್ನಾಗಿ ಬರುತ್ತಿತ್ತು ಎಂಬುದು ಈಗ ತಾನೇ ಹೊಳೆಯಿತು.

ಇರಲಿ, ಹೊಡೆಯಲಿ.